ಹದಿಮೂರು ಮುಚ್ಚಳ

ಆಸ್ಪತ್ರೆಯ ಲಾಂಡ್ರಿಯಲ್ಲಿ ಹದಿನಾಲ್ಕು ಜನ. ಬೆಳಗ್ಗೆ ಹನ್ನೊಂದಕ್ಕೆ ದೊಡ್ಡ ಯಂತ್ರಗಳನ್ನು ಇಪ್ಪತ್ತು ನಿಮಿಷ ನಿಲ್ಲಿಸುತ್ತಾರೆ. ಆಗ ಅಷ್ಟೂ ಜನಕ್ಕೆ ಎದುರು ರಸ್ತೆಯ ಅಂಗಡಿಯಿಂದ ಒಟ್ಟಿಗೆ ಕಾಫಿ ಬರಬೇಕು. ತರುವ ಕೆಲಸ ಸರದಿಯ ಪ್ರಕಾರ ಎಂದು ಗೋಡೆಗೆ ಪಟ್ಟಿಯನ್ನೇನೋ ಅಂಟಿಸಿದ್ದರು, ಆದರೆ ಅದರ ಕಡೆ ಯಾರೂ ಕಣ್ಣು ಹಾಯಿಸದೆ ಒಂದೂವರೆ ವರ್ಷವಾಗಿತ್ತು. ಚಾದರ ಮಡಚುವವಳು ಎಲ್ಲರ ಸರದಿಯನ್ನೂ ತಾನೇ ಹೊತ್ತುಕೊಂಡಿದ್ದಳು. ಬಿಸಿಲಿರಲಿ, ಮಂಡಿ ನೋಯಲಿ, ಹತ್ತು ಐವತ್ತಾಯಿತೆಂದರೆ ದಿಂಬಿನ ಕವರು ತುಂಬುವ ನೀಲಿ ಕ್ರೇಟಿಗೆ ಹಳೆಯ ಟವೆಲ್ ಹಾಸಿಕೊಂಡು ಹೊರಟೇಬಿಡುತ್ತಿದ್ದಳು. ಪುಕ್ಕಟೆ ಸಿಕ್ಕ ಸೇವೆಯನ್ನು ಬೇಡ ಎನ್ನುವವರು ಯಾರು? ಯಾಕೆ ಎಂದು ಒಬ್ಬರೂ ಕೇಳಲಿಲ್ಲ.

ಅವಳು ತರುತ್ತಿದ್ದದ್ದು ಮಾತ್ರ ಹದಿಮೂರೇ ಕಪ್ಪು.

"ನಿಂಗೆಲ್ಲಮ್ಮ?" ಎಂದು ಇಸ್ತ್ರಿ ಮಾಡುವ ಹಿರಿಯ, ಎಲ್ಲರ ಬಾಯಲ್ಲೂ ಇಸ್ತ್ರಿ ಮಾವ, ಮೊದಮೊದಲು ಕೇಳುತ್ತಿದ್ದ.

"ನಂಗೆ ಪಿತ್ತ ಆಗುತ್ತೆ ಮಾವ."

ಅದು ಹಸಿ ಸುಳ್ಳು. ಬೆಳಗ್ಗೆ ಎದ್ದು ಎರಡು ಲೋಟ ಕಾಫಿ ಹೊಟ್ಟೆಗೆ ಬೀಳದ ಹೊರತು ಅವಳು ಕನ್ನಡಿಯ ಜೊತೆಗೂ ನೆಟ್ಟಗೆ ಮಾತಾಡುವವಳಲ್ಲ.

ಸಂಗತಿ ಏನೆಂದರೆ, ಆ ಅಂಗಡಿಯ ಕೌಂಟರಿನಲ್ಲಿ ನಿಲ್ಲುವವಳು ಅವಳ ಒಡಹುಟ್ಟಿದ ತಂಗಿ. ಹನ್ನೆರಡು ವರ್ಷಕ್ಕೆ ಚಿಕ್ಕವಳು, ಇವಳ ಸೊಂಟದ ಮೇಲೇ ಬೆಳೆದವಳು. ನಾಲ್ಕು ವರ್ಷದಿಂದ ಅಕ್ಕನ ಜೊತೆ ಮಾತು ಬಿಟ್ಟವಳು.

ತಪ್ಪು ಅಕ್ಕನದೇ. ಅದನ್ನು ಮುಚ್ಚಿಟ್ಟು ಕಥೆ ಹೇಳಿದರೆ ಚೆನ್ನಾಗಿರುವುದಿಲ್ಲ. ತಂಗಿ ದೂರದ ಊರಿನಲ್ಲಿ ಕೊನೆಯ ವರ್ಷದ ಪರೀಕ್ಷೆಗೆ ಕೂತಿದ್ದಾಗ ಅಮ್ಮ ಹಾಸಿಗೆ ಹಿಡಿದಳು. ಡಾಕ್ಟರು ಆರು ತಿಂಗಳು ಎಂದಿದ್ದರು, ಮೂರೇ ವಾರದಲ್ಲಿ ಮುಗಿದುಹೋಯಿತು. ಆ ಮೂರು ವಾರವೂ ಫೋನು ಬಂದಾಗಲೆಲ್ಲ ಅಕ್ಕ, "ಅಮ್ಮ ಮಲಗಿದ್ದಾಳೆ, ನೀನು ಓದ್ಕೋ" ಅಂದಳು. ಅಮ್ಮ ಹೋದ ದಿನವೂ ಅದನ್ನೇ ಅಂದಳು, ಏಕೆಂದರೆ ಇನ್ನೂ ಎರಡು ಪೇಪರು ಉಳಿದಿದ್ದವು. ನಿಜ ಹೇಳಿದ್ದು ನಾಲ್ಕನೆಯ ದಿನ.

ತಂಗಿ ಬರುವಷ್ಟರಲ್ಲಿ ಅಮ್ಮನ ಮಂಚ ಗೋಡೆಗೆ ಒರಗಿತ್ತು. ಅದಾದರೂ ಹೋಗಲಿ. ಲಾಂಡ್ರಿಯವಳ ಕೈ ಸುಮ್ಮನಿರಬೇಕಲ್ಲ! ದುಃಖವನ್ನು ಹೇಗೆ ಕಳೆಯಬೇಕೆಂದು ತಿಳಿಯದೆ ಅಕ್ಕ ಅಮ್ಮನ ಬಟ್ಟೆಯನ್ನೆಲ್ಲ, ತಲೆಗೆ ಕಟ್ಟುತ್ತಿದ್ದ ವಸ್ತ್ರವನ್ನೂ ಬಿಡದೆ, ಬಿಸಿನೀರಿನಲ್ಲಿ ಒಗೆದು, ಒಣಗಿಸಿ, ಅಂಚಿಗೆ ಅಂಚು ಕೂಡಿಸಿ ಮಡಚಿಟ್ಟಿದ್ದಳು. ತಂಗಿ ಒಂದೊಂದನ್ನೇ ಎತ್ತಿ ಮೂಗಿಗೆ ಹಿಡಿದು ನೋಡಿದಳು. ಎಲ್ಲದರಲ್ಲೂ ಸೋಪಿನ ವಾಸನೆ.

"ಒಂದನ್ನಾದ್ರೂ ಒಗೀದೆ ಇಡ್ಬಾರ್ದಿತ್ತಾ?" ಎಂದು ಕೇಳಿ, ಒಂದು ಚೀಲ ಹಿಡಿದು ಮನೆಯಿಂದ ಹೊರಟಳು. ವಿಳಾಸ ಕೊಡಲಿಲ್ಲ. ಫೋನ್ ನಂಬರು ಬದಲಾಯಿತು.

ಊರಿಗೆ ಬಂದವಳು ನೀರಿಗೆ ಬಾರದಿರುತ್ತಾಳೆಯೇ ಅನ್ನುತ್ತಾರೆ. ಒಂದೂವರೆ ವರ್ಷದ ಹಿಂದೆ, ತನ್ನ ಸರದಿಯ ದಿನ, ಹೊಸದಾಗಿ ತೆರೆದ ಕಾಫಿ ಅಂಗಡಿಗೆ ಅಕ್ಕ ಹೋದರೆ ಕೌಂಟರಿನ ಆಚೆ ಕಂದು ಟೋಪಿ ಹಾಕಿಕೊಂಡು ತಂಗಿ ನಿಂತಿದ್ದಳು. ಕೆನ್ನೆ ಒಳಗೆ ಹೋಗಿತ್ತು. ಅಕ್ಕನ ಕೈಯಿಂದ ಕ್ರೇಟು ಜಾರಿ ನೆಲಕ್ಕೆ ಬಿತ್ತು.

"ಹೇಳಿ ಮೇಡಂ," ಅಂದಳು ತಂಗಿ.

ಮೇಡಂ ಅಂತೆ! ಎದೆಗೆ ಚೂರಿ ಹಾಕಿದ್ದರೂ ಅಷ್ಟು ನೋಯುತ್ತಿರಲಿಲ್ಲ. ಆದರೂ ಮಾರನೆಯ ದಿನ ಮತ್ತೆ ಹೋದಳು, ಅದರ ಮಾರನೆಯ ದಿನವೂ ಹೋದಳು. ಬೈದರೂ ಸರಿ, ಆ ಬಾಯಿಂದ ತನ್ನನ್ನು ಅಕ್ಕ ಎಂದು ಒಪ್ಪುವ ಒಂದು ಮಾತು ಬರಲಿ ಎಂಬುದೊಂದೇ ಅವಳ ಆಸೆ.

ಹತ್ತಕ್ಕಿಂತ ಹೆಚ್ಚು ಕಪ್ಪು ಒಯ್ಯುವವರಿಗೆ ಆ ಅಂಗಡಿಯಲ್ಲಿ ಒಂದು ನಿಯಮ. ಯಾರದು ಯಾವುದೆಂದು ಗೊಂದಲವಾಗದಂತೆ ಒಂದೊಂದು ಮುಚ್ಚಳದ ಮೇಲೂ ಹೆಸರು ಬರೆದುಕೊಡಬೇಕು. ಅಕ್ಕ ಹೇಳುವುದು, ತಂಗಿ ಬರೆಯುವುದು. ಹನ್ನೆರಡು ನಿಮಿಷದ ಕೆಲಸ. ಲಾಂಡ್ರಿಯಲ್ಲಿ ಸ್ವಂತ ಹೆಸರಿನಿಂದ ಯಾರು ಯಾರನ್ನು ಕರೆಯುತ್ತಾರೆ? ಸಕ್ಕರೆ ಕಾಯಿಲೆ ಇದ್ದರೂ ಪಕ್ಕದವರ ಕಪ್ಪಿನಿಂದ ಸಿಹಿ ಕದಿಯುವ ಇಸ್ತ್ರಿ ಮಾವ. ವಾರ್ಡಿನಿಂದ ಮೈಲಿಗೆ ಬಟ್ಟೆಯ ಜೊತೆ ಊರ ಮಾತೂ ಹೊತ್ತು ತರುವ 'ಸುದ್ದಿ'. ಆರು ವರ್ಷದಿಂದ "ಮುಂದಿನ ತಿಂಗಳು ಮದುವೆ" ಎನ್ನುತ್ತಲೇ ಇರುವ ಮದುಮಗ. ಮದುಮಗ ಎಂದು ಮೊದಲ ಸಲ ಬರೆಯುವಾಗ ತಂಗಿಯ ತುಟಿಯ ತುದಿ ಒಂಚೂರು ಅಲುಗಿತು. ಅಕ್ಕನಿಗೆ ಅಷ್ಟೇ ಸಾಕಾಯಿತು. ಅಂದಿನಿಂದ ಆ ತುಟಿ ಮತ್ತೆ ಅಲುಗಲೆಂಬ ಆಸೆಗೆ ಹೊಸ ಅಡ್ಡಹೆಸರು ಹುಡುಕುವುದೇ ಅವಳ ಕಸುಬಾಯಿತು. ಪಾಪ, ಲಾಂಡ್ರಿಯ ಮೇಲ್ವಿಚಾರಕನಿಗೆ ಒಂದೇ ವಾರದಲ್ಲಿ ಮೂರು ಹೆಸರು ಬಿದ್ದವು.

ತನಗೊಂದು ಕಪ್ಪು ಕೇಳಲು ಮಾತ್ರ ಧೈರ್ಯ ಬರಲಿಲ್ಲ. ಕೇಳಿದರೆ ಅದರ ಮುಚ್ಚಳದ ಮೇಲೂ ಬರೆಯಬೇಕಲ್ಲ? ಮೇಡಂ ಎಂದು ಬರೆದುಬಿಟ್ಟರೆ? ಬಾಯಲ್ಲಿ ಆಡಿದ್ದು ಗಾಳಿಗೆ ಹೋಗುತ್ತದೆ, ಬರೆದದ್ದನ್ನು ಕೈಯಲ್ಲಿ ಹಿಡಿದು ರಸ್ತೆ ದಾಟಬೇಕು. ಹೀಗಾಗಿ ಪಿತ್ತದ ಕಾಯಿಲೆ ಒಂದೂವರೆ ವರ್ಷ ವಾಸಿಯಾಗಲಿಲ್ಲ.

ಒಂದು ದಿನ ಕೌಂಟರಿನ ಪಕ್ಕ ಚೀಟಿ ಅಂಟಿತ್ತು. ನಾಳೆಯಿಂದ ಹತ್ತಕ್ಕಿಂತ ಹೆಚ್ಚು ಕಾಫಿ ಬೇಕಾದವರು ಬರುವ ಅಗತ್ಯವಿಲ್ಲ, ಫೋನು ಮಾಡಿದರೆ ಸಾಕು, ಬೈಕಿನಲ್ಲಿ ತಂದುಕೊಡುತ್ತೇವೆ. ಅಕ್ಕ ಅದನ್ನು ಎರಡು ಸಲ ಓದಿದಳು. ಮಾಲೀಕನ ಬುದ್ಧಿಯೋ, ತನ್ನ ಮುಖ ನೋಡಲಾರದೆ ತಂಗಿಯೇ ಅವನ ಕಿವಿಗೆ ಹಾಕಿದ ಮಾತೋ ತಿಳಿಯಲಿಲ್ಲ. ಮೇಲ್ವಿಚಾರಕನಿಗೆ ಗೊತ್ತಾದರೆ ಖುಷಿಯಿಂದ ಕುಣಿದಾಡುತ್ತಾನೆ. ಆಮೇಲೆ ತಾನು ಯಾವ ನೆಪ ಹೇಳಿ ಇಲ್ಲಿಗೆ ಬರುವುದು? ಒಂಟಿ ಕಾಫಿಗೆ ಎಂದು ಬಂದರೆ ಒಂದೇ ನಿಮಿಷದಲ್ಲಿ ಕೈಗಿತ್ತು ಕಳಿಸುತ್ತಾಳೆ.

ಹೆಸರುಗಳನ್ನು ಹೇಳುತ್ತ ಹೋದಳು. ಮದುಮಗನದೇ ಕೊನೆಯದು. ಹದಿಮೂರು ಕಪ್ಪು ಕ್ರೇಟಿನಲ್ಲಿ ಕೂತವು.

"ಅಷ್ಟೇನಾ ಮೇಡಂ?"

"ಇನ್ನೊಂದು ಬೇಕು."

"ಯಾರಿಗೆ?"

"ನಂಗೆ."

ತಂಗಿ ಕಪ್ಪು ತೆಗೆದುಕೊಂಡಳು, ಹಾಲು ಕಾಯಿಸಿದಳು. ಮುಚ್ಚಳವನ್ನು ಎಡಗೈಯಲ್ಲಿ ಹಿಡಿದು ಪೆನ್ನು ಎತ್ತಿದಳು.

"ಏನಂತ ಬರೀಲಿ?"

"ನಿಂಗೇನು ತೋಚುತ್ತೋ ಅದನ್ನ ಬರಿ."

ಪೆನ್ನು ಗಾಳಿಯಲ್ಲೇ ನಿಂತಿತು. ಸಾಲಿನಲ್ಲಿ ಹಿಂದೆ ನಿಂತವನು ಗಂಟಲು ಸರಿಮಾಡಿಕೊಂಡ. ತಂಗಿ ಪೆನ್ನನ್ನು ಕೆಳಗಿಟ್ಟು, ಏನೂ ಬರೆಯದ ಮುಚ್ಚಳವನ್ನು ಕಪ್ಪಿಗೆ ಒತ್ತಿ ಕ್ರೇಟಿಗೆ ಇಟ್ಟಳು. ಮೇಡಂ ಅಂತಲೂ ಇಲ್ಲ. ಅದಕ್ಕೂ ತಾನು ಲಾಯಕ್ಕಲ್ಲವೇನೋ ಎಂದು ಅಕ್ಕನಿಗೆ ಅಳು ಉಕ್ಕಿ ಬಂತು. ಕ್ರೇಟಿನ ಹಿಡಿಗಳಿಗೆ ಕೈ ಹಾಕಿದಳು.

"ಒಂದು ಕೇಳ್ಬೇಕಿತ್ತು," ಅಂದಳು ತಂಗಿ, ಕಾಫಿ ಯಂತ್ರದ ಕಡೆ ಮುಖ ಮಾಡಿ ಮುಂದಿನ ಕಪ್ಪಿಗೆ ಹಾಲು ಕಾಯಿಸಲು ಹಚ್ಚುತ್ತ. "ಅಮ್ಮ ನನ್ನ ಕೇಳಿದ್ಲಾ?"

ಈ ಪ್ರಶ್ನೆಗೆ ಅಕ್ಕ ನಾಲ್ಕು ವರ್ಷದಿಂದ ಉತ್ತರ ಸಿದ್ಧ ಮಾಡಿಟ್ಟಿದ್ದಳು. ಅಮ್ಮನಿಗೆ ಪ್ರಜ್ಞೆಯೇ ಇರಲಿಲ್ಲ, ಯಾರನ್ನೂ ಕೇಳಲಿಲ್ಲ ಎಂದರೆ ಮುಗಿಯಿತು. ಹಾವೂ ಸಾಯುವುದಿಲ್ಲ, ಕೋಲೂ ಮುರಿಯುವುದಿಲ್ಲ. ಮೂರು ವಾರ ಫೋನಿನಲ್ಲಿ ಪಳಗಿದ ಬಾಯಿಗೆ ಇದು ಯಾವ ಮಹಾ ಕಷ್ಟ? ಆದರೆ ಟೋಪಿಯ ಕೆಳಗೆ ಆ ತೆಳು ಕತ್ತನ್ನು ನೋಡಿದವಳಿಗೆ ಸುಳ್ಳಿಗೆ ನಾಲಿಗೆ ಹೊರಳಲಿಲ್ಲ.

"ದಿನಾ ಕೇಳಿದ್ಲು. ಬಾಗಿಲು ಸದ್ದಾದ್ರೆ ನೀನೇ ಅಂದ್ಕೊಳ್ತಿದ್ಲು. ನಾಳೆ ಬರ್ತಾಳೆ, ನಾಳೆ ಬರ್ತಾಳೆ ಅಂತ ಹೇಳ್ತಾ ಬಂದೆ. ನಿಂಗೂ ಸುಳ್ಳು ಹೇಳ್ದೆ, ಅವಳಿಗೂ ಸುಳ್ಳು ಹೇಳ್ದೆ."

"ಕೊನೇ ದಿನ?"

"ಕೊನೇ ದಿನ 'ಬಂದ್ಲಾ' ಅಂದ್ಲು. ಬಂದ್ಲು ಅಂದೆ. ನನ್ನ ಕೈಯನ್ನ ನಿನ್ನ ಕೈ ಅಂತ ಹಿಡ್ಕೊಂಡ್ಲು. ನಿನ್ನ ಹೆಸ್ರು ಹಿಡಿದು ಕರೆದ್ಲು, ನಾನು ಓಗೊಟ್ಟೆ."

ಹಾಲು ಕಾಯಿಸುವ ಕೊಳವೆ ಬುಸುಗುಟ್ಟುತ್ತಲೇ ಇತ್ತು. ಅದನ್ನು ನಿಲ್ಲಿಸುವ ಎಚ್ಚರ ತಂಗಿಗಿರಲಿಲ್ಲ. ಎರಡೂ ಕೈಯನ್ನು ಕೌಂಟರಿಗೆ ಊರಿ ತಲೆ ತಗ್ಗಿಸಿ ನಿಂತಿದ್ದಳು.

"ನನ್ನ ಕೈಲಿ ಇದನ್ನ ಹೊಟ್ಟೆಗೆ ಹಾಕ್ಕೊಳ್ಳೋಕೆ ಆಗಲ್ಲ," ಅಂದಳು ತಂಗಿ ಕೊನೆಗೆ.

"ಗೊತ್ತು."

ಅಕ್ಕ ಕ್ರೇಟನ್ನು ಎತ್ತಿಕೊಂಡಳು. ಕಪ್ಪುಗಳು ಒಂದಕ್ಕೊಂದು ತಾಗುತ್ತಿದ್ದವು. ಬಾಗಿಲವರೆಗೆ ಹೋಗಿ ಬೆನ್ನಿನಿಂದ ಅದನ್ನು ತಳ್ಳುತ್ತಿದ್ದಾಗ ಕೌಂಟರಿನಿಂದ ದನಿ ಬಂತು.

"ನಾಳೆ ಹತ್ತಕ್ಕೇ ಬಾ. ಆಗ ಇಲ್ಲಿ ಯಾರೂ ಇರಲ್ಲ."

"ನಾಳೆಯಿಂದ ನೀವೇ ತಂದ್ಕೊಡ್ತೀರಂತಲ್ಲ..."

"ಕಾಫಿ ಅದರ ಪಾಡಿಗೆ ಬರುತ್ತೆ. ನೀನು ಬಾ." ತಂಗಿ ತೋಳಿನಿಂದ ಮೂಗು ಒರೆಸಿಕೊಂಡಳು. "ಆ ಮೂರು ವಾರ ಅಮ್ಮ ಏನೇನು ಮಾತಾಡಿದ್ಲು ಅಂತ ನಂಗೆ ಹೇಳ್ಬೇಕು. ಒಂದೂ ಬಿಡ್ಬಾರ್ದು. ಎಷ್ಟು ದಿನ ಆದ್ರೂ ಸರಿ."