ಮೊರಗುಳಕಿ ಪ್ರಕರಣ

ರುಕ್ಮವ್ವ ಠಾಣೆಯ ಮೆಟ್ಟಿಲು ಹತ್ತಿದ್ದು ಶನಿವಾರ ಬೆಳಿಗ್ಗೆ ಹತ್ತು ಗಂಟೆಗೆ. ಕೈಯಲ್ಲೊಂದು ಪ್ಲಾಸ್ಟಿಕ್ ಚೀಲ, ಚೀಲದ ತುಂಬ ಪುಡಿಪುಡಿಯಾದ ಹಪ್ಪಳ. ಅದನ್ನು ಹೆಡ್ ಕಾನ್‌ಸ್ಟೆಬಲ್ ಸುಕನ್ಯಾಳ ಮೇಜಿನ ಮೇಲಿಟ್ಟು, ಹೆಣದ ಮುಖದ ಮೇಲಿನ ಬಟ್ಟೆ ಸರಿಸುವವರ ಹಾಗೆ ಮೆಲ್ಲಗೆ ಬಾಯಿ ಬಿಚ್ಚಿದಳು.

“ಇದು ಇರಲ್ರಿ ಅಕ್ಕಾರ. ಹಪ್ಪಳ ಮತ್ತ ಮಾಡಬಹುದು. ಆದ್ರ ಆಕಿ ನನಗ ಅಂದ ಮಾತು ಎಲ್ಲಿ ಹೋಗತೈತ್ರಿ?”

ಆಕಿ ಅಂದರೆ ಗೋಡೆಯಾಚೆಯ ದ್ರಾಕ್ಷಾಯಿಣಿ. ಹುಬ್ಬಳ್ಳಿಯ ಗಬ್ಬೂರಿನಲ್ಲಿ ಇಬ್ಬರದೂ ಒಂದಕ್ಕೊಂದು ಅಂಟಿದ ಬಾಡಿಗೆ ಮನೆ, ಮಾಳಿಗೆ ಮಾತ್ರ ಒಂದೇ. ರುಕ್ಮವ್ವ ಹಪ್ಪಳ ಮಾಡಿ ಅಂಗಡಿಗಳಿಗೆ ಹಾಕುತ್ತಿದ್ದಳು, ದ್ರಾಕ್ಷಾಯಿಣಿ ಬಟ್ಟೆ ಹೊಲಿಯುತ್ತಿದ್ದಳು. ಹಿಂದಿನ ದಿನ ದ್ರಾಕ್ಷಾಯಿಣಿ ಒದ್ದೆ ಕೌದಿಯೊಂದನ್ನು ಒಣಗಿಸಲೆಂದು ಮಾಳಿಗೆಯ ಮೇಲೆ ಎಳೆದುಕೊಂಡು ಹೋಗುವಾಗ ಅದು ಅಲ್ಲಿ ಒಣಹಾಕಿದ್ದ ಇನ್ನೂರು ಹಪ್ಪಳದ ಮೇಲೆ ಹಾದುಹೋಗಿತ್ತು. ರುಕ್ಮವ್ವ ಬಾಯಿ ಮಾಡಿದಳು. ದ್ರಾಕ್ಷಾಯಿಣಿಯೂ ಮಾಡಿದಳು. ಓಣಿಯ ಜನ ಮೇಲೆ ನೋಡುತ್ತ ನಿಂತಾಗ ಕೊನೆಯ ಮಾತು ಬಂತು.

“ಮೊರಗುಳಕಿ ಅಂದ್ಲ್ರಿ ನನಗ. ಓಣಿ ಮಂದಿ ಮುಂದ.”

ಸುಕನ್ಯಾಳ ಪೆನ್ನು ನಿಂತಿತು. “ಏನು ಹಂಗಂದ್ರ?”

“ನನಗೇನು ಗೊತ್ರಿ? ಆದ್ರ ಆಕಿ ಅಂದ ಧಾಟಿ ನೋಡಿದ್ರ ಛಲೋ ಮಾತಲ್ಲ ಅದು.”

ಪಿ.ಎಸ್.ಐ. ಬಸವಪ್ರಭು ದೂರನ್ನು ಓದಿ, ಆ ಶಬ್ದದ ಕೆಳಗೆ ಗೆರೆ ಎಳೆದರು. “ಅರ್ಥ ಗೊತ್ತಿಲ್ಲದ ಮಾತಿಗೆ ನಾ ಯಾವ ಕಲಂ ಹಚ್ಚಲಿ? ಸುಕನ್ಯಾ, ನೀವು ಎಂ.ಎ. ಕನ್ನಡ ಅಲ್ಲ? ಅರ್ಥ ಹುಡುಕಿ ಬರೀರಿ. ಮುಂದಿಂದು ನೋಡೂಣು.”

ಸುಕನ್ಯಾ ಇಲಾಖೆಗೆ ಸೇರಿ ಹನ್ನೊಂದು ವರ್ಷವಾಗಿತ್ತು. ಧಾರವಾಡದಲ್ಲಿ ಚಿನ್ನದ ಪದಕ ಸ್ವಲ್ಪದರಲ್ಲಿ ತಪ್ಪಿದ ಎಂ.ಎ. ಈ ಹನ್ನೊಂದು ವರ್ಷದಲ್ಲಿ ಉಪಯೋಗಕ್ಕೆ ಬಂದದ್ದು ರಾಜ್ಯೋತ್ಸವದ ಬ್ಯಾನರ್ ಬರೆಯುವುದಕ್ಕೆ, ಮತ್ತು ಪಂಚನಾಮೆಯಲ್ಲಿ ‘ಸವ’ ಎಂದು ಬರೆದ ಕಡೆ ‘ಶವ’ ಎಂದು ತಿದ್ದುವುದಕ್ಕೆ. ಈಗ ಸಾಹೇಬರೇ ಬಾಯಿಬಿಟ್ಟು ಕೇಳಿದ್ದಾರೆ. ಸುಕನ್ಯಾ ಒಳಗೊಳಗೇ ಉಬ್ಬಿದಳು.

ಬಾಗಿಲಲ್ಲಿ ಚಹಾ ಕುಡಿಯುತ್ತಿದ್ದ ಜೀಪ್ ಡ್ರೈವರ್ ರಿಯಾಜ, ಯಾರೂ ಕೇಳದಿದ್ದರೂ ಸಹಾಯಕ್ಕೆ ಬಂದ. “ಮುರಗಿ ಅಂದ್ರ ಕೋಳಿ ಅಲ್ರಿ ಮೇಡಂ? ಮುರಗಿ ಗುಳುಕ್ಕಂತ ನುಂಗಾಕಿ ಅಂತಿರಬೇಕು. ಕೋಳಿ ಕಳ್ಳಿ ಅಂದಂಗ.”

ರುಕ್ಮವ್ವ ಎದ್ದು ನಿಂತಳು. “ನಾ ತತ್ತಿ ಸೈತ ಮುಟ್ಟಿದಾಕಿ ಅಲ್ಲ. ಇದನ್ನೂ ಬರೀರಿ ಅಕ್ಕಾರ. ಮೊದಲ ಇಷ್ಟು ಸಿಟ್ಟಿರಲಿಲ್ಲ ನನಗ.”

ಆ ರಾತ್ರಿ ಸುಕನ್ಯಾ ಅಟ್ಟದಿಂದ ಕಾಲೇಜಿನ ಕಾಲದ ದಪ್ಪ ನಿಘಂಟು ಇಳಿಸಿ ಧೂಳು ಒರೆಸಿದಳು. ಮೊರ ಇತ್ತು, ಮೊರಡಿ ಇತ್ತು, ಮೊರೆತ ಇತ್ತು. ಮೊರಗುಳಕಿ ಇರಲಿಲ್ಲ. ಫೋನಿನಲ್ಲಿ ಹುಡುಕಿದರೆ ಅದು ‘ಮೊಳಕೆ ಕಾಳು’ ಎಂದು ತಿದ್ದಿ, ಪಲ್ಯ ಮಾಡುವ ವಿಧಾನ ತೋರಿಸಿತು.

ಭಾನುವಾರ ಮಧ್ಯಾಹ್ನ ಧಾರವಾಡದ ಮಾಳಮಡ್ಡಿಗೆ ಹೋದಳು. ಅವಳಿಗೆ ಹಳಗನ್ನಡ ಕಲಿಸಿದ ಮಹಾಂತಯ್ಯ ಸರ್ ನಿವೃತ್ತರಾಗಿ ಹದಿನಾಲ್ಕು ವರ್ಷ. ಶಬ್ದದ ಅರ್ಥ ಕೇಳಿಕೊಂಡು ಯಾರಾದರೂ ಬಂದು ಹತ್ತು ವರ್ಷವಾಗಿತ್ತೇನೋ, ಅವರ ಕಣ್ಣು ಹೊಳೆದವು.

“ಮೊರೆ ಅಂದ್ರ ಗೋಳು. ಗುಳುಕು ಅಂದ್ರ ನುಂಗು. ಗೋಳು ನುಂಗಿಕೊಂಡು ಸುಮ್ಮನಿರೂ ಹೆಣ್ಣುಮಗಳು. ಎಂಥಾ ಛಂದ ಶಬ್ದ ನೋಡು ಸುಕನ್ಯಾ.”

ಸುಕನ್ಯಾ ಬರೆದುಕೊಂಡಳು. ಆದರೆ ಗೋಳು ನುಂಗಿಕೊಳ್ಳುವ ಜಾತಿಯಲ್ಲ ರುಕ್ಮವ್ವ.

“ಇಲ್ಲಾ, ಮೋರಿಯಿಂದ ಬಂದಿರಬಹುದು. ಮೋರಿ ಅಂದ್ರ ಗಟಾರ. ಗಟಾರದಾಗಿಂದು...” ಸರ್ ಅಲ್ಲಿಗೇ ನಿಂತರು. “ಬ್ಯಾಡ. ಅದನ್ನ ಬರಕೋಬ್ಯಾಡ. ಹೊಡೆದಾಟ ಆದೀತು.”

ಚಹಾ ಬಂತು. ಚಹಾ ಕುಡಿಯುತ್ತ ಮೂರನೆಯದು ಹೇಳಿದರು: ಕಾಳು ಇನ್ನೂ ಮೊರದಲ್ಲಿರುವಾಗಲೇ, ಗಡಿಗೆಗೆ ಹಾಕುವ ಮೊದಲೇ, ಗುಳುಕ್ಕನೆ ಬಾಯಿಗೆ ಹಾಕಿಕೊಳ್ಳುವ ಆಸೆಬುರುಕಿ. ಇದು ಸರಿ ಅನಿಸಿತು. ಆದರೆ ಕಪ್ಪು ಕೆಳಗಿಡುವಷ್ಟರಲ್ಲಿ ಸರ್ ಮೊದಲಿನ ಎರಡನ್ನು ವಾಪಸು ತೆಗೆದುಕೊಂಡಿದ್ದರು, ಅವಳು ಚಪ್ಪಲಿ ಮೆಟ್ಟುವಾಗ ಮೂರನೆಯದನ್ನೂ ತೆಗೆದುಕೊಂಡರು. “ನಮಗ ಗೊತ್ತಿಲ್ಲ ಅಂತನ ಬರೀ. ಗೊತ್ತಿಲ್ಲ ಅನ್ನೂದೂ ಒಂದು ಪಾಂಡಿತ್ಯ.”

ಪಾಂಡಿತ್ಯಕ್ಕೆ ಕಲಂ ಹಚ್ಚಲು ಬರುವುದಿಲ್ಲವಲ್ಲ. ಸಂಜೆ ಹುಬ್ಬಳ್ಳಿಗೆ ಮರಳಿದವಳೇ ಸ್ಕೂಟರನ್ನು ಗಬ್ಬೂರಿಗೆ ತಿರುಗಿಸಿದಳು. ಆಡಿದವಳನ್ನೇ ಕೇಳಬೇಕೆಂದು ಮೊದಲೇ ಯಾಕೆ ಹೊಳೆಯಲಿಲ್ಲವೋ. ನಿಘಂಟು ಓದಿದವರ ಪಾಡು ಇದು.

ದ್ರಾಕ್ಷಾಯಿಣಿ ಮಷೀನಿನ ಮುಂದೆ ಕೂತಿದ್ದಳು. ಪೊಲೀಸರನ್ನು ಕಂಡು ಏಳಲಿಲ್ಲ. “ಹಿಡಕೊಂಡು ಹೋಗಾಕ ಬಂದೀರೇನ್ರಿ? ಇದೊಂದು ಜಂಪರ ಮುಗಿಸಿ ಬರ್ತೇನಿ. ಇದನ್ನ ಹೊಲಿಯಾಕ ಕೊಟ್ಟವರ ಮನ್ಯಾಗ ನಾಳಿ ಮುಂಜಾನೆ ಲಗ್ನದ ಅಕ್ಷತಾ ಐತಿ.”

“ಹಿಡಿಯಾಕ ಬಂದಿಲ್ಲವಾ. ಮೊರಗುಳಕಿ ಅಂದ್ರ ಏನು?”

ಮಷೀನು ನಿಂತಿತು. “ನನಗೂ ಗೊತ್ತಿಲ್ರಿ.”

“ಗೊತ್ತಿಲ್ಲದ ಬೈದಿ?”

“ನಮ್ಮತ್ತಿ ನನಗ ಅಂತಿದ್ಲ್ರಿ. ಇಪ್ಪತ್ತೆರಡು ವರ್ಷ. ರೊಟ್ಟಿ ಬಡದ್ರ ಮೊರಗುಳಕಿ, ಕಸಾ ಹೊಡದ್ರ ಮೊರಗುಳಕಿ. ಬಂದ ಮಂದಿ ಮುಂದ ಕೈ ಮಾಡಿ ತೋರಿಸಿ, ಇಕಿ ನಮ್ಮನಿ ಮೊರಗುಳಕಿ ಅಂತ. ನನಗ ಗೊತ್ತಿದ್ದ ಬೈಗಳದಾಗ ಅದಕ್ಕಿಂತ ಕೆಟ್ಟದ್ದು ಇಲ್ಲ. ಇನ್ನೂರು ಹಪ್ಪಳದ ಜಗಳಕ್ಕ ಅದನ್ನ ತಗೀಬಾರದಿತ್ತು ಖರೇ.”

“ಅರ್ಥ ಏನಂತ ಆಕಿನ್ನ ಒಮ್ಮೆನೂ ಕೇಳಲಿಲ್ಲೇನು?”

“ಬೈಯಾಕಿ ಹಂತೇಕ ಅರ್ಥ ಕೇಳಾಕ ಹೋಗ್ತಾರೇನ್ರಿ? ನಾನೂ ಬಿಟ್ಟಾಕಿ ಅಲ್ಲ. ಆಕಿ ಒಂದಂದ್ರ ನಾ ಎರಡು ಅಂತಿದ್ದೆ.”

ಅತ್ತೆ ತೀರಿ ಎರಡು ವರ್ಷವಾಗಿತ್ತು. ಅವಳ ತವರು ಹುಬ್ಬಳ್ಳಿ ಹತ್ತಿರದ ಸುಳ್ಳ ಎಂಬ ಹಳ್ಳಿ. ತಂಗಿ ಶಿವಲಿಂಗವ್ವ ಇನ್ನೂ ಅಲ್ಲೇ ಇದ್ದಾಳೆಂದು ದ್ರಾಕ್ಷಾಯಿಣಿ ಹೇಳಿದಳು.

ಸೋಮವಾರ ಸುಕನ್ಯಾಳ ವಾರದ ರಜೆ. ಬ್ಯಾಂಕಿನ ಕೆಲಸವಿದೆ ಎಂದು ಗಂಡನಿಗೆ ಹೇಳಿ ಸುಳ್ಳದ ದಾರಿ ಹಿಡಿದಳು.

ಶಿವಲಿಂಗವ್ವನಿಗೆ ತೊಂಬತ್ತರ ಹತ್ತಿರ. ಕಿವಿ ಮಂದ, ಕೈ ಚುರುಕು. ಕಟ್ಟೆಯ ಮೇಲೆ ಕಾಲು ಚಾಚಿಕೊಂಡು ಜೋಳ ಹಸನು ಮಾಡುತ್ತಿದ್ದಳು. ಸುಕನ್ಯಾ ಶಬ್ದವನ್ನು ಮೂರು ಸಲ ಕೂಗಿದಳು. ಮೂರನೆಯ ಸಲಕ್ಕೆ ಪಕ್ಕದ ಮನೆಯವರು ಯಾರು ಯಾರನ್ನು ಬೈಯುತ್ತಿದ್ದಾರೆಂದು ಹೊರಬಂದರು.

ಮುದುಕಿ ನಕ್ಕಳು. ಮೊರವನ್ನು ಎರಡು ಸಲ ಕೇರಿ, ಓರೆ ಮಾಡಿ ಅಲುಗಿಸಿದಳು. ಜೊಳ್ಳು ಹಾರಿಹೋಯಿತು, ಹಗುರ ಕಾಳು ಮುಂದಕ್ಕೆ ಸರಿಯಿತು. ಮೊರದ ಹಿಂದಿನ ಮೂಲೆಯಲ್ಲಿ ಒಂದು ಹಿಡಿ ಕಾಳು ಮಾತ್ರ ಅಲುಗಾಡದೆ ಕೂತಿತ್ತು.

“ಇದ ನೋಡವಾ ಮೊರಗುಳಕಿ. ಎಷ್ಟ ಕೇರಿದ್ರೂ ಹೋಗೂದಿಲ್ಲ. ಗಟ್ಟಿ ಕಾಳು. ಇದನ್ನ ಉಣ್ಣೂದಿಲ್ಲ, ಬಿತ್ತಾಕ ತಗದಿಡತೇವಿ.”

“ಮತ್ತ ಮಂದಿಗೆ ಅಂದ್ರ? ಸೊಸಿಗೆ?”

“ಏನ ಬಂದ್ರೂ ಮನಿ ಬಿಟ್ಟು ಹಾರದಾಕಿ.”

“ಬೈಗಳ ಅಲ್ಲಾ ಹಂಗಾದ್ರ?”

“ಬೀಜದ ಹೆಸರು ಹಿಡಿದು ಯಾರ ಬೈತಾರ?” ಮುದುಕಿ ಮೊರವನ್ನು ಮತ್ತೊಮ್ಮೆ ಅಲುಗಿಸಿದಳು. “ಆದ್ರ ನಮ್ಮಕ್ಕನ ಬಾಯಿ ಒಂದೀಟು ಹಂಗವಾ. ಆಶೀರ್ವಾದ ಮಾಡಿದ್ರೂ ಮಂದಿ ಎದ್ದು ಓಡತಿದ್ರು.”

ಮಂಗಳವಾರ ಇಬ್ಬರೂ ಹೆಂಗಸರನ್ನು ಠಾಣೆಗೆ ಕರೆಸಲಾಯಿತು. ಬೆಂಚಿನ ಈ ತುದಿಗೆ ಒಬ್ಬಳು, ಆ ತುದಿಗೆ ಒಬ್ಬಳು. ಸುಕನ್ಯಾ ಬಿಳಿ ಹಾಳೆಯ ಮೇಲೆ ಒಂದು ಪುಟ ಬರೆದುಕೊಂಡು ಬಂದಿದ್ದಳು. ಮೌಖಿಕ ಪರೀಕ್ಷೆಗೆ ನಿಂತವಳ ಹಾಗೆ ಗಂಟಲು ಸರಿಪಡಿಸಿಕೊಂಡು ಓದಿದಳು. ಮೊರ, ಮೂಲೆ, ಗಟ್ಟಿ ಕಾಳು, ಬೀಜ.

“ಹಂಗಾದ್ರ ಹೊಗಳಿಕಿ,” ಎಂದರು ಬಸವಪ್ರಭು, ಫೈಲು ಮುಚ್ಚುತ್ತ. “ಮುಗೀತಲ್ಲ. ಮನಿಗೆ ಹೋಗ್ರಿ.”

“ಹೊಗಳಿಕಿ ಹೆಂಗಾಗತೈತ್ರಿ?” ಎಂದಳು ರುಕ್ಮವ್ವ. “ನಾಕು ದಿನ ಅನ್ನ ಸೇರಿಲ್ಲ ನನಗ. ಓಣಿ ಮಂದಿಗೆ ಏನ ಹೇಳಲಿ, ಆಕಿ ನನ್ನ ಹೊಗಳಿದ್ಲು, ಅದಕ್ಕ ಕಂಪ್ಲೇಂಟ್ ಕೊಟ್ಟೆ ಅನ್ಲೇನು? ಬೈಗಳ ಅದು.”

“ಬೈಗಳಾನ್ರಿ,” ಎಂದಳು ಬೆಂಚಿನ ಆ ತುದಿಯಿಂದ ದ್ರಾಕ್ಷಾಯಿಣಿ.

ಬಸವಪ್ರಭು ಫೈಲನ್ನು ಮತ್ತೆ ತೆರೆದರು. “ನೀ ಆರೋಪಿ ಇದ್ದಿ. ಹೊಗಳಿಕಿ ಅಂದ್ರ ನಿನಗ ಚಲೋ.”

“ಇರಬಹುದ್ರಿ. ಆದ್ರ ನಾ ಬೈದಿದ್ದು ಖರೇ. ಬೈಗಳ ಅಂತನ ಬರೀರಿ.”

“ನೋಡ್ರಿ, ಆಕೀನ ಒಪ್ಪಾಕತ್ತಾಳ,” ಎಂದಳು ರುಕ್ಮವ್ವ. ಜಗಳವಾದ ಮೇಲೆ ಮೊದಲ ಸಲ ಇಬ್ಬರದೂ ಒಂದೇ ಮಾತಾಗಿತ್ತು.

ಸುಕನ್ಯಾಳಿಗೆ ಸಿಟ್ಟು ಬಂತು. ಎರಡು ಲೀಟರ್ ಪೆಟ್ರೋಲು, ಒಂದು ರಜೆ, ನಿಘಂಟಿನಲ್ಲೂ ಇಲ್ಲದ ಒಂದು ಅರ್ಥ. “ನಾ ಸುಳ್ಳಕ್ಕ ಹೋಗಿ ಕಣ್ಣಿಲೆ ನೋಡಿ ಬಂದೇನಿ. ಕಾಳು ತೋರಿಸ್ಯಾಳ ಆಕಿ.”

“ನೀವು ನೋಡೀರಿ ಅಕ್ಕಾರ,” ಎಂದಳು ದ್ರಾಕ್ಷಾಯಿಣಿ. ದನಿ ಇಳಿದಿತ್ತು. “ಅದು ಹೊಗಳಿಕಿ ಅಂತಾದ್ರ, ಇಪ್ಪತ್ತೆರಡು ವರ್ಷ ನಾ ಆಕಿಗೆ ತಿರುಗಿ ಅಂದದ್ದು ಏನಾತ್ರಿ? ಸಾಯೂ ಮುಂದ ಸೈತ ನನ್ನ ಕೈ ಹಿಡದು ಅದನ್ನ ಅಂದ್ಲು. ನೀನ ಮೊರಗುಳಕಿ ಅಂತ ನಾ ಕೈ ಝಾಡಿಸಿ, ಹಾಲು ಉಕ್ಕತೈತಿ ಅಂತ ಒಳಗ ಹೋದೆ. ಹೊಳ್ಳಿ ಬರೂದ್ರಾಗ ಹೋಗಿದ್ಲು. ಬೈಗಳ ಅಂತ ಬರೀರಿ ಸಾಹೇಬರ. ನನಗ ಅದಾ ಬರೋಬ್ಬರಿ.”

ರಿಯಾಜ ಬಾಗಿಲಿನಿಂದ ಸರಿದುಹೋದ. ಬಸವಪ್ರಭು ಪೆನ್ನಿನ ಮುಚ್ಚಳ ತೆಗೆದರು, ಹಾಕಿದರು.

ರುಕ್ಮವ್ವ ಬೆಂಚಿನ ಮೇಲೆ ಒಂದು ಮೊಳದಷ್ಟು ಜರುಗಿ ಕೂತಳು. “ಸಾಹೇಬರ, ಆ ಶಬ್ದ ತಗದುಬಿಡ್ರಿ. ನನಗ ಸರೀ ಕೇಳಿಸಿರಲಿಕ್ಕಿಲ್ಲ. ಗಾಳಿ ಭಾಳ ಇತ್ತು ಮಾಳಿಗಿ ಮ್ಯಾಲೆ. ಬರೇ ಹಪ್ಪಳದ್ದು ಬರೀರಿ.”

“ಹಪ್ಪಳಕ್ಕ ಕಲಂ ಇಲ್ಲ.”

“ಇಲ್ಲಂದ್ರ ಬ್ಯಾಡ ಬಿಡ್ರಿ,” ಎಂದು ಎದ್ದು, ದ್ರಾಕ್ಷಾಯಿಣಿಯ ಮುಖ ನೋಡದೆ ಹೇಳಿದಳು, “ಏಳು. ಬಿಸಲ ಏರಾಕತ್ತೈತಿ. ಒಂದಾ ಆಟೋದಾಗ ಹೋಗೂಣು.”

ಶುಕ್ರವಾರ ಮಧ್ಯಾಹ್ನ ಸುಕನ್ಯಾ ಬುತ್ತಿ ಬಿಚ್ಚುವಷ್ಟರಲ್ಲಿ ಫೋನು ಬಂತು. ದ್ರಾಕ್ಷಾಯಿಣಿ.

“ಅಕ್ಕಾರ, ನಾ ಸುಳ್ಳಕ್ಕ ಬಂದೇನ್ರಿ. ಸಣ್ಣತ್ತಿ ಮನ್ಯಾಗ ಕುಂತೇನಿ. ಮುದುಕಿ ಉಂಡು ಮಲಗ್ಯಾಳ. ಎಬ್ಬಸಬ್ಯಾಡ ಅಂತಾರ ಮನಿಯವರು.”

“ಒಬ್ಬಾಕಿನ ಹೋಗೀಯೇನು?”

“ರುಕ್ಮವ್ವ ಬೆನ್ನು ಹತ್ತಿ ಬಂದಾಳ್ರಿ. ನಾ ಬ್ಯಾಡಂದೆ. ಬಸ್ಸಿನ್ಯಾಗ ಕಿಟಕಿ ಸೀಟು ಸಲುವಾಗಿ ಜಗಳಾನೂ ಆತು.”

“ಅರ್ಥ ನಾ ಕೇಳಿ ಹೇಳೇನಲ್ಲವಾ. ಮತ್ತೇನು ಕೇಳ್ತಿ?”

ಆ ಕಡೆ ಎಲ್ಲೋ ಕೋಳಿ ಕೂಗಿದ್ದು ಕೇಳಿಸಿತು. “ಅರ್ಥ ಅಲ್ರಿ. ಆಕಿ ತವರಿಗೆ ಬಂದಾಗ, ನಾ ಇಲ್ಲದಾಗ, ನನ್ನ ಬಗ್ಗೆ ಏನಂತ ಹೇಳತಿದ್ಲು ಅಂತ ಕೇಳಬೇಕು.”

ಸುಕನ್ಯಾ ಏನೋ ಹೇಳಬೇಕೆಂದು ಬಾಯಿ ತೆರೆದಳು. ಅಷ್ಟರಲ್ಲಿ ಹಿಂದಿನಿಂದ ರುಕ್ಮವ್ವನ ದನಿ, ಓಣಿಗೆಲ್ಲ ಕೇಳುವಂತೆ: “ಎದ್ಲು ನೋಡು. ಲಗೂ ಬಾ, ಮತ್ತ ಮಲಕೊಂಡಾಳು.”

ಫೋನು ಕಟ್ಟಾಯಿತು.