ಯಂತ್ರದ ಪಾತ್ರಕ್ಕೆ ವರ್ನಾ

ಮೊಹಾವಿ ಮರುಭೂಮಿಯ ಆ ವಿಮಾನ ನಿಲ್ದಾಣದಲ್ಲಿ ವರ್ನಾ ಸ್ಟಾಡ್ಲರ್‌ಳ ಬಾಯಿಗೆ ಹೆದರದವರೇ ಇರಲಿಲ್ಲ. ಸಿನಿಮಾದವರಿಗೆ ಜೆಟ್ ಹಾರಿಸಿಕೊಡುವುದು ಅವಳ ಕಸುಬು. ಅರವತ್ತು ದಾಟಿದ್ದಳು, ಇಬ್ಬರು ಗಂಡಂದಿರನ್ನೂ ದಾಟಿದ್ದಳು. ತೆರೆಯ ಮೇಲೆ ನಾಯಕರು ಆಕಾಶದಲ್ಲಿ ಲಾಗ ಹಾಕಿದಾಗಲೆಲ್ಲ ವಿಮಾನದೊಳಗಿರುತ್ತಿದ್ದವಳು ಅವಳೇ. ನಾಯಕರು ನೆಲದ ಮೇಲೆ ಫ್ಯಾನಿನೆದುರು ಕೂತು ಹಲ್ಲು ಕಚ್ಚುತ್ತಿದ್ದರು.

ಈ ಸಲದ ಕಥೆ ಅವಳಿಗೆ ಬಹಳ ಹಿಡಿಸಿತ್ತು. ಪೈಲಟ್ಟಿಲ್ಲದ ಯುದ್ಧವಿಮಾನವೊಂದನ್ನು ಒಬ್ಬ ಮನುಷ್ಯ ಬಗ್ಗುಬಡಿಯುತ್ತಾನೆ. ಯಂತ್ರಕ್ಕೆ ಎದೆಯಿಲ್ಲ ಎಂಬುದು ನೀತಿ. ನಿರ್ದೇಶಕ ಹೋಲ್ಡನ್‌ಗೆ ಎಲ್ಲವೂ ನಿಜವಾಗಿಯೇ ನಡೆಯಬೇಕೆಂಬ ಹುಚ್ಚು. ಒಂದೇ ಜಾತಿಯ ಎರಡು ಹಳೆಯ ಜೆಟ್ ತರಿಸಿದ್ದ. ಬಿಳಿಯದು ನಾಯಕನದು, ಅದು ವರ್ನಾಳ ಪಾಲು. ಕಪ್ಪು ವಿಮಾನದೊಳಗೆ ನರಪಿಳ್ಳೆಯೂ ಇಲ್ಲ; ಕಂಪ್ಯೂಟರೇ ಹಾರಿಸುತ್ತದೆ. ಅದರ ಉಸ್ತುವಾರಿಗೆ ಮೈಲಾ ಎಂಬ ಎಂಜಿನಿಯರ್ ಬಂದಿದ್ದಳು.

ಮೊದಲ ಬೆಳಿಗ್ಗೆಯೇ ಕಥೆ ಕೆಟ್ಟಿತು. ಕಪ್ಪು ವಿಮಾನ ಸಾಲಗಾರನಂತೆ ವರ್ನಾಳ ಬೆನ್ನು ಹತ್ತಿತು. ತಲೆಕೆಳಗಾದಳು, ಬೆಟ್ಟದ ಸಂದಿನಲ್ಲಿ ನುಸುಳಿದಳು, ವಾಂತಿಯನ್ನೂ ಮಾಡಿಕೊಂಡಳು. ಅದು ಬಿಡಲಿಲ್ಲ.

ಸೋಲಲು ಹೇಳಮ್ಮ ಅದಕ್ಕೆ ಎಂದು ಹೋಲ್ಡನ್ ಮೈಲಾಳನ್ನು ಗೋಗರೆದ.

"ಹೇಳ್ದೆ. ಸೋಲು ಅಂದ್ರೆ ನೆಟ್ಟಗೆ ಹೋಗುತ್ತೆ, ಬಸ್ಸಿನ ಥರ," ಎಂದಳು ಮೈಲಾ.

ಕೊನೆಗೆ ವರ್ನಾ ಒಂದು ಕಿತಾಪತಿ ಮಾಡಿದಳು. ವೇಗ ತಗ್ಗಿಸಿ, ಚಕ್ರ ಇಳಿಬಿಟ್ಟು, ನೆಲದತ್ತ ತೇಲತೊಡಗಿದಳು. ಪಾಪ, ಇವಳು ಇಳಿಯುತ್ತಿದ್ದಾಳೆಂದು ಯಂತ್ರ ನಿಯಮದ ಪ್ರಕಾರ ಮರ್ಯಾದೆಯಿಂದ ದಾರಿ ಬಿಟ್ಟು ಪಕ್ಕಕ್ಕೆ ಸರಿಯಿತು. ವರ್ನಾ ಚಕ್ರ ಮಡಚಿ ಅದರ ಬೆನ್ನಿಗೆ ಬಿದ್ದಳು. ರೇಡಿಯೋದಲ್ಲಿ ಅವಳು ಆಡಿದ ಮಾತುಗಳನ್ನು ಇಲ್ಲಿ ಬರೆಯುವಂತಿಲ್ಲ.

ಚಿತ್ರೀಕರಿಸಿದ್ದನ್ನು ನೋಡಿ ಹೋಲ್ಡನ್ ತಲೆ ಹಿಡಿದುಕೊಂಡ. ನಾಯಕ ಹೀಗೆ ಬಾತುಕೋಳಿಯಂತೆ ಕಾಲು ಬಿಟ್ಟುಕೊಂಡು ಲೋಕ ಉಳಿಸಿದರೆ ಜನ ನಗುತ್ತಾರೆ ಎಂದ. ಊಟದ ಹೊತ್ತಿಗೆ ಮೈಲಾ ಆ ಕಿಂಡಿಯನ್ನೂ ಮುಚ್ಚಿಬಿಟ್ಟಿದ್ದಳು.

ಬುರಿಟೋ ತಿನ್ನುತ್ತಿದ್ದ ವರ್ನಾಳ ಪಕ್ಕ ಹೋಲ್ಡನ್ ಮೆಲ್ಲಗೆ ಬಂದು ಕೂತ. ವಿಮಾನಗಳ ಬಣ್ಣ ಅದಲುಬದಲು ಮಾಡೋಣವೇ ಎಂದು ಕೇಳಿದ.

"ಅಂದ್ರೆ ಮನುಷ್ಯನ ಪಾತ್ರ ಆ ಡಬ್ಬಕ್ಕೆ, ಡಬ್ಬದ ಪಾತ್ರ ನನಗೆ?"

"ಸೋಲೋದು ನಿಮಗೆ ಬರುತ್ತೆ ವರ್ನಾ. ಅದಕ್ಕೆ ಬರಲ್ಲ."

ಅವಳು ಎದ್ದು ಹೋಗಿ ತನ್ನ ಟ್ರಕ್ಕಿನಲ್ಲಿ ಬಾಗಿಲು ಹಾಕಿಕೊಂಡು ಕೂತಳು. ಮನೆಗೆ ಹೋಗಿಬಿಡಬೇಕು ಅನ್ನಿಸಿತು. ಕೀಲಿ ತಿರುಗಿಸಿಯೂ ಆಯಿತು. ಆದರೆ ಸೋಲುವ ದೃಶ್ಯವನ್ನು ಹೇಗೆ ಹಾರಿಸಬಹುದು ಎಂದು ಕೈ ಆಗಲೇ ಗಾಳಿಯಲ್ಲಿ ಓರೆಯಾಗತೊಡಗಿತ್ತು. ಛೀ ಎಂದು ಇಳಿದು ಬಂದಳು. ರಾತ್ರಿಯೇ ಬಣ್ಣ ಬದಲಾಯಿತು: ವರ್ನಾಳ ವಿಮಾನ ಕಪ್ಪಾಯಿತು, ಕಂಪ್ಯೂಟರಿನದು ಬಿಳಿಯಾಯಿತು.

ಮರುದಿನ ಮಧ್ಯಾಹ್ನ ಕಪ್ಪು ವಿಮಾನ ಬೇರೆಯೇ ಥರ ಹಾರಿತು. ಏಟು ತಿಂದಂತೆ ಒಂದು ರೆಕ್ಕೆ ಕುಸಿಯಿತು. ತಪ್ಪಿಸಿಕೊಳ್ಳಲು ದಾರಿಯಿದ್ದಾಗಲೂ ಒಮ್ಮೆ ಹಿಂದಿರುಗಿ ನೋಡಿತು. ಸೂರ್ಯನತ್ತ ಏರಿ, ಏರಲಾರದೆ ನಿಂತು, ಎಲೆಯಂತೆ ಸುತ್ತುತ್ತ ಬೆಟ್ಟದ ಹಿಂದೆ ಬಿತ್ತು. ಅಲ್ಲಿ ನೆಲ ಮುಟ್ಟುವ ಮೊದಲೇ ವರ್ನಾ ವಿಮಾನವನ್ನು ಮೇಲಕ್ಕೆತ್ತಿಕೊಂಡಳೆನ್ನಿ. ಕೆಳಗೆ ಹೋಲ್ಡನ್ ಕಟ್ ಹೇಳುವುದನ್ನೇ ಮರೆತಿದ್ದ.

ಚಿತ್ರ ಬಂದಾಗ ವರ್ನಾ ಮತ್ತು ಮೈಲಾ ಹತ್ತಿರದ ಊರಾದ ಲ್ಯಾಂಕಾಸ್ಟರಿನಲ್ಲಿ ಮ್ಯಾಟಿನಿಗೆ ಹೋದರು. ಬಿಳಿ ವಿಮಾನ ಒಂದೂ ತಪ್ಪಿಲ್ಲದೆ ಗೆಲ್ಲುತ್ತಿತ್ತು. ಜನ ಪಾಪ್‌ಕಾರ್ನ್ ಮೆಲ್ಲುತ್ತಿದ್ದರು. ಕಪ್ಪು ವಿಮಾನ ಬಿದ್ದಾಗ ಮಾತ್ರ ಮೆಲ್ಲುವ ಸದ್ದು ನಿಂತಿತು. ಮುಂದಿನ ಸಾಲಿನಲ್ಲಿ ಒಬ್ಬ ಹೆಂಗಸು ಮೂಗು ಸೊರಸೊರ ಎನ್ನಿಸಿದಳು.

"ಅದ್ರಲ್ಲಿ ಯಾರೂ ಇಲ್ಲ ಕಣೆ," ಎಂದು ಗಂಡ ಸಮಾಧಾನ ಮಾಡಿದ.

"ಇದ್ಳು," ಎಂದಳು ವರ್ನಾ ಹಿಂದಿನಿಂದ.

ಆತ ತಿರುಗಿ ದುರುಗುಟ್ಟಿದ. ಮೈಲಾ ನಗು ತಡೆಯಲಾರದೆ ಸೀಟಿನಡಿಗೆ ಬಗ್ಗಿದಳು. ತೆರೆಯ ಮೇಲೆ ಗೆದ್ದ ನಾಯಕ ನಾಯಕಿಗೆ ಮುತ್ತಿಕ್ಕತೊಡಗಿದ್ದ. ಅದು ಬೇಗ ಮುಗಿಯುವ ಲಕ್ಷಣ ಕಾಣಲಿಲ್ಲವಾಗಿ ವರ್ನಾ ಎದ್ದು ಉಚ್ಚೆಗೆ ಹೋದಳು.