ಇದ್ವಾಲ್ ಪ್ರೋಬರ್ಟನ ತಾತ್ಸಾರದ ಮುಖ

ವಿಮಾನ ನಿಲ್ದಾಣದಲ್ಲಿ ನನ್ನ ಕೈಯಲ್ಲಿದ್ದ ಹೆಸರಿನ ಹಲಗೆಯನ್ನು ಓದಿ ಆ ಮುದುಕ ಹೇಳಿದ ಮೊದಲ ಮಾತು, "ಒಂದಕ್ಷರ ತಪ್ಪಿದೆ" ಎಂಬುದು. ಎರಡನೆಯದು, "ನಾನು ಇಂಗ್ಲೆಂಡಿನವನಲ್ಲ, ವೇಲ್ಸಿನವನು. ನಿಮ್ಮ ಯಜಮಾನರಿಗೂ ಹೇಳಿ." ಆಮೇಲೆ ಪೆಟ್ಟಿಗೆಯನ್ನು ನನ್ನ ಕಡೆ ತಳ್ಳಿ ಮುಂದೆ ನಡೆದ. ಅಲ್ಲಿಂದಲೇ ಅವನನ್ನು ಏಕವಚನದಲ್ಲಿ ನೆನೆಯಲು ಶುರುಮಾಡಿದೆ.

ನಾನು ಝೀನತ್, ಕಾಪುವಿನವಳು. ರಿಯಾದಿನ ಮಲಾಜ್‌ನಲ್ಲಿರುವ ಒಂದು ಅತ್ತರಿನ ಕಂಪನಿಯಲ್ಲಿ ಪ್ರಚಾರದ ಕೆಲಸ ನನ್ನದು. ಯಜಮಾನರು ಭಟ್ಕಳದ ಶಂಸುದ್ದೀನ್ ಸಾಹೇಬರು. ಅವರ ನವಾಯತಿ ನನಗೆ ಬಾರದು, ನನ್ನ ಬ್ಯಾರಿ ಅವರಿಗೆ ತಿಳಿಯದು. ಹಾಗಾಗಿ ನಮ್ಮ ಜಗಳಗಳೆಲ್ಲ ಕನ್ನಡದಲ್ಲೇ ನಡೆಯುತ್ತವೆ. ಅವರ ಮಗ ಅರ್ಕಮ್ ಲಂಡನ್ನಿಗೆ ಹೋಗಿ ಸಿನಿಮಾ ಓದಿಕೊಂಡು ಬಂದ ಮೇಲೆ ಅಪ್ಪನ ಜಾಹೀರಾತುಗಳಲ್ಲಿ ಕಲೆಯನ್ನು ಹುಡುಕುತ್ತಿದ್ದ. ಇದ್ವಾಲ್ ಪ್ರೋಬರ್ಟನನ್ನು ಕರೆಸಿದ್ದು ಅವನೇ.

"ಇವ ಯಾರು? ನಾನು ಕಂಡೇ ಇಲ್ಲ" ಎಂದಿದ್ದರು ಸಾಹೇಬರು.

"ಎಲ್ಲರೂ ಕಂಡಿರ್ತಾರೆ ಅಬ್ಬಾ. ಹೆಸರು ಗೊತ್ತಿರೂದಿಲ್ಲ, ಅಷ್ಟೇ."

ಅರ್ಕಮ್ ತೋರಿಸಿದ ತುಣುಕುಗಳನ್ನು ನಾನೂ ನೋಡಿದ್ದೆ. ನಲವತ್ತು ವರ್ಷಕ್ಕೂ ಹೆಚ್ಚು ಕಾಲ ಬ್ರಿಟಿಷ್ ಸಿನಿಮಾಗಳಲ್ಲಿದ್ದವನು ಪ್ರೋಬರ್ಟ್. ಯಾವುದರಲ್ಲೂ ಐದು ನಿಮಿಷಕ್ಕಿಂತ ಹೆಚ್ಚು ಕಾಣಿಸುವುದಿಲ್ಲ. ನಾಯಕ ಸಾಲ ಕೇಳಲು ಬ್ಯಾಂಕಿಗೆ ಹೋಗುತ್ತಾನೆ, ಮ್ಯಾನೇಜರ್ ಪ್ರೋಬರ್ಟ್. ಮಳೆಯಲ್ಲಿ ನೆನೆದ ನಾಯಕಿ ಹೋಟೆಲಿಗೆ ಬರುತ್ತಾಳೆ, ಕೋಣೆ ಇಲ್ಲ ಎನ್ನುವವನು ಪ್ರೋಬರ್ಟ್. ಜೈಲಿನ ವಾರ್ಡನ್, ಶಾಲೆಯ ಹೆಡ್‌ಮಾಸ್ಟರ್, ಕೋರ್ಟಿನ ಗುಮಾಸ್ತ. ಬೇಡಿಕೊಳ್ಳಲು ಬಂದವರನ್ನು ಮೂಗಿನ ತುದಿಯಿಂದ ಅಳೆದು ವಾಪಸು ಕಳಿಸುವುದೊಂದೇ ಅವನ ವೃತ್ತಿ. ಎಡಗಣ್ಣಿನ ರೆಪ್ಪೆ ಅರ್ಧ ಇಳಿಯುತ್ತದೆ, ಮೇಲ್ದುಟಿ ತುಸು ಮೇಲೇಳುತ್ತದೆ. ಎದುರಿಗಿದ್ದವನು ಹುಟ್ಟಿದ್ದೇ ತಪ್ಪು ಎನ್ನುವಂಥ ಮುಖ. ಅದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ ಎಂದು ಅರ್ಕಮ್ ಹೇಳುತ್ತಿದ್ದ. ನನಗೆ ಕಂಡದ್ದು, ಬೇರೇನೂ ಬಾರದ ಒಬ್ಬ ಮನುಷ್ಯ.

ಚಿತ್ರೀಕರಣ ತಾಯಿಫ್‌ನ ಗುಲಾಬಿ ತೋಟವೊಂದರಲ್ಲಿತ್ತು. ಪ್ರೋಬರ್ಟ್ ನಮ್ಮ ಅತ್ತರನ್ನು ಮೂಸಿ, ಕಣ್ಣು ಮುಚ್ಚಿ, ಸಂತೋಷಪಡಬೇಕು. ಇಷ್ಟೇ ಕೆಲಸ. ಬೆಟ್ಟದ ತಂಪು, ಸುತ್ತ ಹೂ, ಕೈಯಲ್ಲಿ ಊರಿನ ಅತ್ಯುತ್ತಮ ಅತ್ತರು. ಅವನು ಮೂಸಿದ. ಯಾರದೋ ಹರಕು ಅರ್ಜಿಯನ್ನು ಮೂಸಿದಂತೆ ಕಂಡಿತು.

"ಸ್ವಲ್ಪ ಸಂತೋಷ, ಸರ್" ಎಂದು ಅರ್ಕಮ್ ಕೈಮುಗಿಯುವಂತೆ ನಿಂತ.

"ಇದೇ ಸಂತೋಷ" ಎಂದ ಪ್ರೋಬರ್ಟ್.

ಮಧ್ಯಾಹ್ನದವರೆಗೂ ಇದೇ ಹಾಡು. ನಕ್ಕರೆ ಹಲ್ಲುನೋವಿನವನಂತೆ ಕಾಣುತ್ತಿದ್ದ. ಕಣ್ಣು ಮುಚ್ಚಿದರೆ ಸತ್ತವನಂತೆ. ತಪ್ಪು ಮಾತ್ರ ಯಾವಾಗಲೂ ಇತರರದು: ಬೆಳಕು ಸರಿಯಿಲ್ಲ, ಕುರ್ಚಿ ಎತ್ತರವಿದೆ, ಅರ್ಕಮ್‌ಗೆ ಕಸುಬು ಗೊತ್ತಿಲ್ಲ, ನಾನು ತಂದ ಚಹಾ ಚಹಾವೇ ಅಲ್ಲ. ತನ್ನ ಜೊತೆ ಶುರುಮಾಡಿ ದೊಡ್ಡ ಹೆಸರು ಮಾಡಿದ ನಟರನ್ನೆಲ್ಲ ಒಬ್ಬೊಬ್ಬರಾಗಿ ಬೈದ.

ನೆರಳಿನಲ್ಲಿ ಕುಳಿತಿದ್ದ ಶಂಸುದ್ದೀನ್ ಸಾಹೇಬರು ಕೊನೆಗೆ ನನ್ನನ್ನು ಕರೆದರು. "ಈ ಮುದುಕನ ಮುಖ ಕಂಡ್ರೆ ನನ್ನ ಅತ್ತರು ನಂಗೇ ನಾರ್ತದೆ ಅಮ್ಮ. ಒಂದು ಕೆಲಸ ಮಾಡು. ಹೆಸರಿಲ್ಲದ ಬೇರೆ ಯಾವುದಾದ್ರೂ ಶೀಶೆ ಕೊಡು. ಅದನ್ನು ಮೂಸಲಿ. ಮುಖ ಹೇಗುಂಟೋ ಹಾಗೇ ಇರಲಿ. ಪಕ್ಕದಲ್ಲಿ ನಮ್ಮ ಶೀಶೆ ಇಟ್ಟುಬಿಡಿ. ಸಾಕು."

ಒಂದೇ ಸಲಕ್ಕೆ ಮುಗಿಯಿತು. ಪ್ರೋಬರ್ಟ್ ಆ ಬೇರೆ ಶೀಶೆಯನ್ನು ಮೂಸಿ ಕ್ಯಾಮೆರಾದ ಕಡೆ ತಿರುಗಿದಾಗ ಲೈಟ್ ಹಿಡಿದವನು ಕೂಡ ಒಂದು ಹೆಜ್ಜೆ ಹಿಂದೆ ಸರಿದ. ಸಿನಿಮಾ ಓದಿದ ಮಗನಿಗೆ ಹೊಳೆಯದ್ದು ಅಂಗಡಿಯ ಅಪ್ಪನಿಗೆ ಹೊಳೆದಿತ್ತು. ಅದಕ್ಕೆ ಅವರನ್ನು ಮೆಚ್ಚಬೇಕಾಗಿತ್ತು, ಆದರೆ ಅವರು ದಿನವಿಡೀ ಅದನ್ನೇ ಹೇಳಿಕೊಂಡು ಓಡಾಡಿದ್ದರಿಂದ ಆ ಕಷ್ಟ ನನಗೆ ತಪ್ಪಿತು.

ವಾಪಸು ಬರುವಾಗ ಕಾರಿನಲ್ಲಿ ಪ್ರೋಬರ್ಟ್ ತಾನಾಗಿ ಮಾತಾಡಿದ. "ಈ ಮುಖ ನನ್ನದಲ್ಲ. ನನ್ನ ಸೋದರತ್ತೆಯದು. ನಮ್ಮ ಊರಿನ ಪೋಸ್ಟಾಫೀಸು ಅವಳದು. ಸ್ಟ್ಯಾಂಪು ಕೇಳಲು ಬಂದವರನ್ನೆಲ್ಲ ಹಾಗೆ ನೋಡುತ್ತಿದ್ದಳು. ಲಂಡನ್ನಿನ ಮೊದಲ ಆಡಿಷನ್ನಿನಲ್ಲಿ ಭಯದಿಂದ ಏನೂ ತೋಚದೆ ಅವಳನ್ನು ಮಾಡಿದೆ. ಕೆಲಸ ಸಿಕ್ಕಿತು. ಮುಂದೆ ಯಾರೂ ಬೇರೆಯದನ್ನು ಕೇಳಲಿಲ್ಲ."

"ನೀವಾದರೂ ಬೇರೆಯದನ್ನು ಮಾಡಿ ತೋರಿಸಿದಿರಾ?" ಎಂದು ಕೇಳಿದೆ.

ಕಾರಿನ ಎ.ಸಿ. ಸರಿಯಿಲ್ಲ ಎಂದ.

ಜಾಹೀರಾತು ಹೊರಬಂದ ವಾರದೊಳಗೆ ಅದರಲ್ಲಿನ ಮೂರು ಸೆಕೆಂಡು ಬೇರೆಯಾಗಿ ಗಲ್ಫ್ ಪೂರ್ತಿ ಓಡಾಡತೊಡಗಿತು. ಅತ್ತರಿನ ಶೀಶೆಯನ್ನು ಯಾರೋ ಕತ್ತರಿಸಿ ತೆಗೆದಿದ್ದರು, ಮುಖವಷ್ಟೇ ಉಳಿದಿತ್ತು. ಮ್ಯಾನೇಜರನ ಮೆಸೇಜಿಗೆ ಆ ಮುಖ, ಭಾವನ ಹೊಸ ಕಾರಿಗೆ ಆ ಮುಖ, ಕ್ರಿಕೆಟ್ ಸೋತರೆ ಆ ಮುಖ. ನಾನು ತೊಡಲು ಕೊಂಡ ಹೊಸ ಪರ್ದೆಯ ಫೋಟೋ ಕಳಿಸಿದಾಗ ಕಾಪುವಿನಿಂದ ಅಕ್ಕ ವಾಜಿದಾ ಉತ್ತರವಾಗಿ ಕಳಿಸಿದ್ದೂ ಪ್ರೋಬರ್ಟನ ಮುಖವನ್ನೇ. ಅವನು ಯಾರೆಂದು ಅವಳಿಗೆ ಗೊತ್ತಿರಲಿಲ್ಲ.

ಸಾಹೇಬರು ಅವನನ್ನು ಮತ್ತೆ ಕರೆಸಿದರು. ಈ ಸಲ ಮಾಲ್‌ಗಳಲ್ಲಿ ಜನರ ಮುಂದೆ ನಿಲ್ಲಿಸುವುದಕ್ಕೆ. ಹೊಸ ಕೋಟು ಹಾಕಿಕೊಂಡು ಬಂದಿಳಿದ ಪ್ರೋಬರ್ಟ್ ನನ್ನ ಕೈ ಕುಲುಕಲು ಬಂದ. ನಾನು ಕೈ ಎದೆಗಿಟ್ಟುಕೊಂಡೆ. ಹಲಗೆಯ ಮೇಲೆ ಅದೇ ಅಕ್ಷರ ಮತ್ತೆ ತಪ್ಪಿತ್ತು. ಈ ಸಲ ಅವನಿಗದು ಕಾಣಲಿಲ್ಲ.

ಮೊದಲ ಕಾರ್ಯಕ್ರಮ ಅಲ್ ಅಹ್ಸಾದ ಹೊಫುಫ್‌ನಲ್ಲಿ. ಜನ ತಮ್ಮ ತಮ್ಮ ವಸ್ತುಗಳನ್ನು ತಂದು ಸಾಲಾಗಿ ನಿಂತರು. ಚಪ್ಪಲಿ, ಗಡಿಯಾರ, ಹೆಂಡತಿ ಆರಿಸಿದ ಟೈ. ಊರಿನ ಹೆಮ್ಮೆಯ ಖರ್ಜೂರವನ್ನೂ ಒಬ್ಬ ಬೇಕೆಂದೇ ತಂದಿದ್ದ. ಪ್ರೋಬರ್ಟ್ ಒಂದೊಂದನ್ನೂ ಹಿಡಿದು ರೆಪ್ಪೆ ಇಳಿಸಿದ, ತುಟಿ ಎತ್ತಿದ. ಜನ ನಕ್ಕರು, ಫೋಟೋ ತೆಗೆದರು. ಊಟಕ್ಕೆ ಕುಳಿತಾಗ ಅವನ ಕೆನ್ನೆ ಕೆಂಪಾಗಿತ್ತು.

"ನನ್ನನ್ನು ನೋಡಲು ಜನ ಸಾಲು ನಿಂತದ್ದು ಇದೇ ಮೊದಲು" ಎಂದ. "ಪ್ರಧಾನ ಪಾತ್ರ ಎಂದರೆ ಹೀಗೇ ಇರುತ್ತದೇನೋ."

ಅಷ್ಟು ದಿನ ಅವನ ಮೇಲೆ ನನಗಿದ್ದದ್ದು ಕಿರಿಕಿರಿ. ಅದು ತಿರಸ್ಕಾರವಾದದ್ದು ಆ ಊಟದ ಮೇಜಿನಲ್ಲಿ. ಜೀವಮಾನವಿಡೀ ಬೇಸರದಿಂದ ಮಾಡಿದ್ದನ್ನೇ ಈಗ ನಾಲ್ಕು ಜನ ಚಪ್ಪಾಳೆ ತಟ್ಟಿದರೆಂದು ಮಿಠಾಯಿ ಸಿಕ್ಕವನಂತೆ ಚಪ್ಪರಿಸುತ್ತಿದ್ದ.

ಎರಡನೆಯ ಸಂಜೆ ಜನ ಇನ್ನೂ ಹೆಚ್ಚಿದ್ದರು. ಸಾಲಿನಲ್ಲಿದ್ದ ಒಬ್ಬ ಯುವಕನ ಸರದಿ ಬಂದಾಗ ಅವನ ಕೈಯಲ್ಲಿ ಏನೂ ಇರಲಿಲ್ಲ. ಸುತ್ತ ನೋಡಿ, ನೆಲ ಒರೆಸುತ್ತಿದ್ದ ಮಾಲ್‌ನ ಕೆಲಸದವನ ಹೆಗಲು ಹಿಡಿದು ಎಳೆತಂದು ಪ್ರೋಬರ್ಟನ ಎದುರು ನಿಲ್ಲಿಸಿದ. "ಇವನಿಗೆ ಮಾಡು" ಎಂದು ಇಂಗ್ಲಿಷಿನಲ್ಲಿ ಹೇಳಿ ಫೋನ್ ಎತ್ತಿದ. ಗೆಳೆಯರು ನಕ್ಕರು. ಕೆಲಸದವನು ಬಾಂಗ್ಲಾದವನಿರಬೇಕು, ನಡುವಯಸ್ಸು. ಬಟ್ಟೆಕೋಲನ್ನು ಎದೆಗೆ ಒತ್ತಿಕೊಂಡು ಅವನೂ ನಕ್ಕ. ನಗದಿದ್ದರೆ ಏನಾದೀತೆಂದು ಗೊತ್ತಿರುವವರ ನಗೆ.

ಪ್ರೋಬರ್ಟ್ ಕೈ ಕೆಳಗಿಳಿಸಿದ. "ಇಲ್ಲ" ಎಂದ.

ಎಷ್ಟೋ ಸಿನಿಮಾಗಳಲ್ಲಿ ಹೇಳಿದ ಮಾತದು. ಇಷ್ಟು ಮೆಲ್ಲಗೆ ಎಂದೂ ಹೇಳಿರಲಾರ. ಶಂಸುದ್ದೀನ್ ಸಾಹೇಬರು ಮುಂದೆ ಬಂದರು. "ಯಲ್ಲಾ, ಬೇಗ, ಒಂದು ಫೋಟೋ. ಜನ ಕಾಯ್ತಿದ್ದಾರೆ. ಝೀನತ್, ಅವನಿಗೆ ಹೇಳು."

ನಾನು ಹೇಳಬೇಕಾಗಿ ಬರಲಿಲ್ಲ. ಪ್ರೋಬರ್ಟ್ ನಿಧಾನವಾಗಿ ಸಾಹೇಬರ ಕಡೆ ತಿರುಗಿದ. ರೆಪ್ಪೆ ಇಳಿಯಿತು, ತುಟಿ ಎದ್ದಿತು. ತಾಯಿಫ್‌ನಲ್ಲಿ ಕಂಡದ್ದು ಇದರ ಮುಂದೆ ಏನೂ ಅಲ್ಲ. ಒಬ್ಬ ಮನುಷ್ಯ ಇನ್ನೊಬ್ಬನನ್ನು ಅಷ್ಟು ಅಸಹ್ಯದಿಂದ ನೋಡಿದ್ದನ್ನು ನಾನು ಕಂಡಿಲ್ಲ. ಆಮೇಲೆ ಚಪ್ಪಾಳೆ ಬಿತ್ತು, ಸಿಳ್ಳೆ ಬಿತ್ತು, ನೂರಾರು ಫೋನುಗಳು ಮೇಲೆದ್ದವು. ಸಾಹೇಬರು ಎದೆಯುಬ್ಬಿಸಿ ಅವನ ಪಕ್ಕ ನಿಂತು ಎಲ್ಲ ಫೋನುಗಳಿಗೂ ಮುಖ ಕೊಟ್ಟರು. ಗಲಾಟೆಯಲ್ಲಿ ಕೆಲಸದವನು ಬಕೆಟ್ ಎಳೆದುಕೊಂಡು ಜಾರಿಕೊಂಡ.

"ಇದು ನಟನೆಯಲ್ಲ ಎಂದು ಅವರಿಗೆ ಹೇಳಿ" ಎಂದ ಪ್ರೋಬರ್ಟ್ ನನಗೆ.

ಹೇಳಿದೆ. "ಅವರು ಆಕ್ಟಿಂಗ್ ಮಾಡಿದ್ದಲ್ಲ, ಸಾಹೇಬ್ರೇ. ನಿಮ್ಮನ್ನು ನಿಜವಾಗಿ ಹಾಗೆ ನೋಡಿದ್ದು."

"ಗೊತ್ತಾಗ್ತದೆ ಅಮ್ಮ" ಎಂದರು ಸಾಹೇಬರು, ಯಾರದೋ ಫೋನಿನಲ್ಲಿ ತಮ್ಮ ಚಿತ್ರ ನೋಡುತ್ತ. "ಅದಕ್ಕೇ ಇಷ್ಟು ಚಂದ ಬಂದದ್ದು. ರಮದಾನಿನ ಗಿಫ್ಟ್ ಬಾಕ್ಸಿಗೆ ಇದನ್ನೇ ಹಾಕುವಾ."

ಮರುದಿನ ಪ್ರೋಬರ್ಟ್ ಹೋಟೆಲಿನ ಕೋಣೆಯಿಂದ ಇಳಿಯಲಿಲ್ಲ. ಕರೆಯಲು ಹೋದಾಗ ಪೆಟ್ಟಿಗೆ ಕಟ್ಟುತ್ತಿದ್ದ. "ಬೆಳಿಗ್ಗೆ ಕನ್ನಡಿಯ ಮುಂದೆ ಆ ಮುಖ ಮಾಡಿ ನೋಡಿದೆ, ಬರುತ್ತಿಲ್ಲ" ಎಂದ. ನಾನು ಸಮಾಧಾನ ಹೇಳುತ್ತೇನೆಂದು ಕಾದನೇನೋ. ಹಿಂದಿನ ಸಂಜೆಯ ಆ ಒಂದು "ಇಲ್ಲ"ವನ್ನು ನಾನು ಮೆಚ್ಚಿದ್ದೆ, ನಿಜ. ಆದರೆ ಆ ಇಲ್ಲಕ್ಕೆ ಮುಂಚೆ ಒಂದೂವರೆ ದಿನ ಅವನು ಪಟ್ಟ ಸಂತೋಷವನ್ನೂ ನೋಡಿದ್ದೆ. ಏರ್‌ಪೋರ್ಟಿಗೆ ಕಾರು ತರಲು ಡ್ರೈವರ್ ಕೋಯನಿಗೆ ಫೋನ್ ಮಾಡಿದೆ. ಪೆಟ್ಟಿಗೆಯನ್ನು ಈ ಸಲ ಪ್ರೋಬರ್ಟನೇ ಎತ್ತಿಕೊಂಡ.

ಅರ್ಕಮ್ ಎರಡು ದಿನ ಅಪ್ಪನೊಡನೆ ಮಾತು ಬಿಟ್ಟ. ಮೂರನೆಯ ದಿನ ಗಿಫ್ಟ್ ಬಾಕ್ಸಿನ ವಿನ್ಯಾಸವನ್ನು ಅವನೇ ಮಾಡಿಕೊಟ್ಟ. ಅದರಲ್ಲಿ ಪ್ರೋಬರ್ಟ್ ಸಾಹೇಬರನ್ನು ನೋಡುತ್ತಿದ್ದಾನೆ, ಸಾಹೇಬರು ನಗುತ್ತಿದ್ದಾರೆ. ಚೆನ್ನಾಗಿ ಮಾರಾಟವಾಯಿತು.

ಎಲ್ಲ ಮಾಲ್‌ಗಳಿಗೂ ಸಾಹೇಬರು ಆಳೆತ್ತರದ ರಟ್ಟಿನ ಪ್ರೋಬರ್ಟರನ್ನು ಮಾಡಿಸಿದರು. ಜನ ಅವುಗಳ ಮುಂದೆಯೂ ಸಾಲು ನಿಂತು ಫೋಟೋ ತೆಗೆಸಿಕೊಂಡರು. ಎಲ್ಲಿ ನಿಲ್ಲಿಸಬೇಕೆಂದು ಹೊಫುಫ್‌ನ ಅಂಗಡಿಯವರು ಫೋನ್ ಮಾಡಿದಾಗ ನಾನು ಎಸ್ಕಲೇಟರಿನ ಪಕ್ಕ ಎಂದೆ. ಅಲ್ಲಿ ಜನ ಜಾಸ್ತಿ.